ಬಳುಕಿದ ಬಾಗಿಲು

ಆ ಬೀದಿಯಲ್ಲಿ ಕನ್ನಡಕದಂಗಡಿ ಇದ್ದದ್ದು ಒಂದೇ. ಹಾಗಾಗಿ ಅಂಗಡಿಗೆ ಹೆಸರಿನ ಹಂಗು ಬೀಳಲಿಲ್ಲ. ಯಜಮಾನರಿಗೆ ಮಾತ್ರ ಎರಡು ಹೆಸರು. ಎದುರಿಗೆ ಎಲ್ಲರೂ 'ಚಷ್ಮಾದವ್ರೇ' ಎನ್ನುವರು. ಅವರು ಲೆನ್ಸು ತರಲು ಒಳಗೆ ಹೋದ ತಕ್ಷಣ 'ಕಾಲುನಂಬರಪ್ಪ' ಎನ್ನುವರು. ಎರಡನೆಯದಕ್ಕೆ ಕಾರಣವಿತ್ತು. ಕಣ್ಣಿನ ನಂಬರು ಏರುವುದೂ ಇಳಿಯುವುದೂ ಕಾಲು ಕಾಲು ಲೆಕ್ಕದಲ್ಲಿ. ಬೇರೆ ಅಂಗಡಿಗಳಲ್ಲಿ ಕಾಲು ನಂಬರಿನ ಹೆಚ್ಚುಕಡಿಮೆಯನ್ನು ದೇವರಿಗೆ ಬಿಡುತ್ತಾರೆ. ಇವರು ದೇವರನ್ನೂ ನಂಬುವವರಲ್ಲ, ಅಂದರೆ ಕಾಲು ನಂಬರಿನ ಮಟ್ಟಿಗೆ. 'ಇದು ಸ್ಪಷ್ಟವೋ, ಇದು ಸ್ಪಷ್ಟವೋ' ಎಂದು ಲೆನ್ಸು ಹಾಕಿ ತೆಗೆದು, ತೆಗೆದು ಹಾಕಿ, ಗಿರಾಕಿ ಎರಡೂ ಸ್ಪಷ್ಟ, ನನ್ನನ್ನು ಬಿಟ್ಟುಬಿಡಿ ಎಂದು ಕೈಮುಗಿಯುವ ತನಕ ಬಿಡುತ್ತಿರಲಿಲ್ಲ. ಒಬ್ಬಾತ ಹೀಗೆ ಪರೀಕ್ಷೆಗೆ ಕೂತು ಕಡೇ ಬಸ್ಸು ತಪ್ಪಿಸಿಕೊಂಡು, ಮರುದಿನ ಬಂದು ಮುಂದುವರಿಸಿದ ಎಂದು ಎದುರುಗಡೆ ಬೇಕರಿಯವನು ಹೇಳುತ್ತಾನೆ. ಅವನ ಮಾತಿನಲ್ಲಿ ಅವನ ಬನ್ನಿನ ಹಾಗೆ ಅರ್ಧ ಗಾಳಿ. ಉಳಿದ ಅರ್ಧ ನಿಜವಿರಬೇಕು.

ಕಾಲುನಂಬರಪ್ಪನವರು ಈ ಅಂಗಡಿಗೆ ಬಂದದ್ದು ಗಾಜು ಉಜ್ಜುವ ಕೆಲಸಕ್ಕೆ. ಆಗಿನ ದೊಡ್ಡ ಯಜಮಾನರಿಗೆ ಇಬ್ಬರು ಹೆಣ್ಣುಮಕ್ಕಳು. ಹುಡುಗ ಚುರುಕಾಗಿದ್ದಾನೆ, ಕಣ್ಣು ನೋಡುವುದನ್ನೂ ಕಲಿಯಲಿ ಎನಿಸಿತು ಅವರಿಗೆ. ಆದರೆ ಕಲಿಯುವವನಿಗೆ ಕಣ್ಣು ಕೊಡುವ ಗಿರಾಕಿ ಯಾರು? ಕೊನೆಗೆ ಹಿರಿಮಗಳನ್ನೇ ಕರೆದು ಕುರ್ಚಿಯಲ್ಲಿ ಕೂರಿಸಿ, "ಇವಳ ಕಣ್ಣಲ್ಲಿ ದೋಷ ಇಲ್ಲ ಕಣೋ. ಏನಾದ್ರೂ ದೋಷ ಕಂಡ್ರೆ ಅದು ನಿಂದು" ಎಂದರು. ಹುಡುಗನಿಗೆ ದಿನಾ ಒಂದೊಂದು ದೋಷ ಕಾಣತೊಡಗಿತು. ಒಂದು ದಿನ ಬಲಗಣ್ಣಲ್ಲಿ, ಮರುದಿನ ಎಡಗಣ್ಣಲ್ಲಿ. ಮತ್ತೆ ಖಾತ್ರಿ ಮಾಡಿಕೊಳ್ಳಲು ಎರಡೂ ಕಣ್ಣಲ್ಲಿ. ಇದು ತಿಂಗಳುಗಟ್ಟಲೆ ನಡೆಯಿತು. ಆ ಹೊತ್ತಿಗೆ ಗೋಡೆಯ ಮೇಲಿನ ಅಕ್ಷರದ ಬೋರ್ಡು ಆಕೆಗೆ ಎಷ್ಟು ಬಾಯಿಪಾಠವಾಗಿತ್ತೆಂದರೆ, ಕಟ್ಟಕಡೆಯ ಇರುವೆಸಾಲನ್ನು ಕಿಟಕಿಯ ಕಡೆ ಮುಖ ಮಾಡಿಕೊಂಡು ಮಗ್ಗಿಯ ಹಾಗೆ ಒಪ್ಪಿಸುತ್ತಿದ್ದಳು. ಮದುವೆಯಾಗುವ ತನಕ ಅವರು ಆಕೆಯ ಮುಖವನ್ನು ಇಡಿಯಾಗಿ ನೋಡಿರಲೇ ಇಲ್ಲ. ನೋಡಿದ್ದೆಲ್ಲ ಕಣ್ಣು, ಅದೂ ಒಂದೊಂದಾಗಿ.

ಅಂದಿನಿಂದ ಒಂದು ಪದ್ಧತಿ ನಡೆದುಬಂತು. ವರ್ಷವರ್ಷವೂ ಮದುವೆಯ ದಿನ ಬಂದಾಗ ಬೇರೆ ಗಂಡಂದಿರು ಹೂವು ತರುತ್ತಾರೆ, ಉಂಗುರ ತರುತ್ತಾರೆ. ಇವರು ಅಂಗಡಿಯ ಬಾಗಿಲು ಅರ್ಧ ಎಳೆದು, ಹೆಂಡತಿಯನ್ನು ಅದೇ ಕುರ್ಚಿಯಲ್ಲಿ ಕೂರಿಸಿ, "ಬಲಗಣ್ಣು ಮುಚ್ಕೊ, ಆಮೇಲೆ ಎಡಗಣ್ಣು" ಎನ್ನುತ್ತಾರೆ. ಆಕೆ ಓದುತ್ತಾಳೆ. ಕಡೆಯ ಸಾಲಿನ ಕಡೆಯ ಅಕ್ಷರ ಬಂದಾಗ ಇವರ ಮುಖದಲ್ಲಿ, ಸ್ವಂತ ಕೈಯಿಂದ ತಯಾರು ಮಾಡಿದ ಕಣ್ಣನ್ನು ನೋಡುವವರ ಹಾಗೆ ಒಂದು ಹೆಮ್ಮೆ ಬರುತ್ತದೆ.

ಅಂಗಡಿಯಲ್ಲಿ ಆಕೆಯ ಕೆಲಸ ಸಣ್ಣದು, ಆದರೆ ಅದಿಲ್ಲದೆ ಅಂಗಡಿ ನಡೆಯುವಂತಿರಲಿಲ್ಲ. ಕನ್ನಡಕದ ಸ್ಕ್ರೂ ಎಂದರೆ ಸಾಸಿವೆಗಿಂತ ಚಿಕ್ಕದು. ಬಿದ್ದರೆ ಭೂಮಿಯೇ ನುಂಗಿತು ಎನ್ನಬೇಕು. ಕಾಲುನಂಬರಪ್ಪನವರ ಕೈಯಿಂದ ದಿನಕ್ಕೆ ನಾಲ್ಕಾದರೂ ಬೀಳುತ್ತಿದ್ದವು. ಆಕೆ ಕೂತಲ್ಲಿಂದಲೇ ಒಮ್ಮೆ ನೆಲ ನೋಡಿ, "ನಿಮ್ಮ ಎಡಗಾಲ ಹೆಬ್ಬೆರಳ ಹತ್ರ" ಎನ್ನುವಳು. ಈಚೆಗೆ ಆಕೆ ದಾರದ ತುದಿಗೆ ಒಂದು ಅಯಸ್ಕಾಂತ ಕಟ್ಟಿಕೊಂಡು ನೆಲದ ಮೇಲೆ ಎಳೆದಾಡತೊಡಗಿದ್ದಳು. ಕಾಲುನಂಬರಪ್ಪನವರು ಅದನ್ನು ನೋಡಿ, ಎಂಥ ಉಪಾಯ ಕಂಡುಹಿಡಿದಳು ನನ್ನ ಹೆಂಡತಿ ಎಂದು ಬೇಕರಿಯವನ ಹತ್ತಿರ ಕೊಚ್ಚಿಕೊಂಡರು.

ದೊಡ್ಡ ಯಜಮಾನರ ಒಂದು ಮಾತೂ ಇಲ್ಲೇ ಹೇಳಿಬಿಡಬೇಕು. ಕೊನೆಗಾಲದಲ್ಲಿ ಅವರಿಗೆ ಮನೆಯ ಬಾಗಿಲ ಚೌಕಟ್ಟು ಡೊಂಕಾಗಿ ಕಾಣುತ್ತಿತ್ತು. ಬಡಗಿಯನ್ನು ಕರೆಸಿ ಬೈದರು. ಅವನು ತೂಗುಗುಂಡು ಇಳಿಬಿಟ್ಟು ತೋರಿಸಿದ, ಕೂದಲೆಳೆ ವ್ಯತ್ಯಾಸವಿಲ್ಲ. ಇನ್ನೊಬ್ಬ ಬಡಗಿಯನ್ನು ಕರೆಸಿದರು. ಮೂರನೆಯವನು ಬರುವ ಹೊತ್ತಿಗೆ ಅವರಿಗೆ ಚೌಕಟ್ಟೂ ಕಾಣುತ್ತಿರಲಿಲ್ಲ, ಬಡಗಿಯೂ ಕಾಣುತ್ತಿರಲಿಲ್ಲ. ಕಣ್ಣಿನ ಹಿಂದಿನ ಪರದೆ ಹಾಳಾಗಿತ್ತು. ಆ ಕಾಲಕ್ಕೆ ಅದಕ್ಕೆ ಮದ್ದಿರಲಿಲ್ಲ. ಊರಿಗೆಲ್ಲ ಕಣ್ಣು ಕೊಟ್ಟವರು ಅಂಗೈಯಿಂದ ಬಾಗಿಲು ಸವರಿಕೊಂಡು ಓಡಾಡಿ ತೀರಿಕೊಂಡರು. ಅವರ ಕೈ ಹಿಡಿದು ನಡೆಸುತ್ತಿದ್ದವಳು ಹಿರಿಮಗಳು.

ಇನ್ನು ಕಿರಿಮಗಳು, ಅಂದರೆ ಇವರ ನಾದಿನಿ. ಆಕೆಗೆ ಮೈಯಲ್ಲಿ ಇಂಥದೇ ಎನ್ನುವ ಕಾಯಿಲೆಯಿಲ್ಲ. ಚಿಕಿತ್ಸೆಗಳ ಮೇಲೆ ಮಾತ್ರ ವಿಪರೀತ ಪ್ರೀತಿ. ಉಸಿರು ಬಿಡುವ ಚಿಕಿತ್ಸೆ, ನಗುವ ಚಿಕಿತ್ಸೆ, ಬೆನ್ನ ಮೇಲೆ ಬಿಸಿ ಕಲ್ಲಿಡುವ ಚಿಕಿತ್ಸೆ, ಎಲ್ಲ ಮುಗಿಸಿದ್ದಳು. ಅಕ್ಕನನ್ನು ಎಳೆದುಕೊಂಡು ಹೋಗಿ ಹೊಸ ಶಾಲೆಗೆ ಸೇರಿಸಿದವಳೂ ಅವಳೇ. 'ಅಲೆ-ಅರಿವು ಚಿಕಿತ್ಸಾ ಶಾಲೆ, ಕ್ವಾಂಟಂ ಪದ್ಧತಿ' ಎಂದು ಬೋರ್ಡು. ಕೆಳಗಿನ ಅಂತಸ್ತಿನಲ್ಲಿ ಡ್ರೈವಿಂಗ್ ಶಾಲೆ. ಕೆಳಗೆ ಬ್ರೇಕು ಹಿಡಿಯುವುದನ್ನು ಕಲಿಸುತ್ತಿದ್ದರು, ಮೇಲೆ ಬಿಡುವುದನ್ನು.

ನಡೆಸುತ್ತಿದ್ದವರು ನಿವೃತ್ತ ವಿಜ್ಞಾನದ ಟೀಚರಮ್ಮ. ಬೆಳಕು ಕಣವೋ ಅಲೆಯೋ ಎಂಬ ಪಾಠವನ್ನು ಅವರು ಇಡೀ ಆಯುಷ್ಯ ಬೆಂಚುಗಳಿಗೆ ಹೇಳಿದ್ದರು, ಕೂತವರು ಕಿವಿಗೊಟ್ಟಿರಲಿಲ್ಲ. ನಿವೃತ್ತಿಯಾದ ಮೇಲೆ ಅದೇ ಪಾಠವನ್ನು ಜನರನ್ನು ಚಾಪೆಯ ಮೇಲೆ ಮಲಗಿಸಿ ಹೇಳಿದರು. ಊರೇ ಬಂತು. ಅರ್ಧ ಜನ ನಿದ್ದೆ ಹೋಗುತ್ತಿದ್ದರು ನಿಜ, ಅದು ತರಗತಿಯಲ್ಲೂ ಇದ್ದದ್ದೇ. ಇಲ್ಲಿ ಎದ್ದ ಮೇಲೆ ಥ್ಯಾಂಕ್ಸ್ ಹೇಳುತ್ತಿದ್ದರು. ಅವರ ಸಿದ್ಧಾಂತ ಹೀಗೆ: ಚಿಂತೆ ಎಂದರೆ ಕಣ, ಒಂದೇ ಜಾಗದಲ್ಲಿ ಗಟ್ಟಿಯಾಗಿ ಕೂತದ್ದು. ಅರಿವು ಎಂದರೆ ಅಲೆ, ಎಲ್ಲೆಡೆ ಹರಡಿದ್ದು. ಜಗತ್ತಿನಲ್ಲಿ ಯಾವ ವಸ್ತುವೂ ಯಾರಾದರೂ ನೋಡಿ ಅಳೆಯುವ ತನಕ ಹೀಗೇ ಎಂದು ನಿಶ್ಚಯವಾಗಿರುವುದಿಲ್ಲ. ಹಾಗೂ ಇರುತ್ತದೆ, ಹೀಗೂ ಇರುತ್ತದೆ. ಆದ್ದರಿಂದ ದಿಟ್ಟಿಸಬೇಡಿ, ಸಡಿಲವಾಗಿ ನೋಡಿ. ಎದುರಿಗಿರುವ ಬಾಗಿಲ ಚೌಕಟ್ಟಿನ ನೇರ ಗೆರೆ ಎಂದು ಅಲೆಯಾಗಿ ಕಾಣುತ್ತದೋ ಅಂದು ಎದೆಯೊಳಗಿನ ಗಂಟೂ ಬಿಚ್ಚಿಕೊಳ್ಳುತ್ತದೆ. ಇದರಲ್ಲಿ ವಿಜ್ಞಾನ ಎಷ್ಟು, ಚಾಪೆ ಎಷ್ಟು ಎಂದು ಹೇಳುವುದು ಕಷ್ಟ. ಆದರೆ ನಮ್ಮ ದುಃಖವನ್ನು ಒಬ್ಬರು ಒಂದು ಗಂಟೆ ಅಡ್ಡ ಮಾತಾಡದೆ ಕೇಳಿದರೆ ಮಂಡಿನೋವೂ ಇಳಿಯುವುದುಂಟು. ಅಲ್ಲಿಗೆ ಹೋದವರು ಹೋಗುತ್ತಲೇ ಇದ್ದರು.

ಕಾಲುನಂಬರಪ್ಪನವರಿಗೆ ಇದು ಹಬ್ಬದೂಟ ಸಿಕ್ಕಂತಾಯಿತು. ಅಳತೆಯೇ ಅನ್ನವಾದ ಮನುಷ್ಯನ ಹೆಂಡತಿ ಅಳೆಯಬೇಡಿ ಎನ್ನುವ ಶಾಲೆಗೆ ಹೋಗುವುದೆಂದರೇನು? ಊಟಕ್ಕೆ ಕೂತಾಗೆಲ್ಲ ಒಂದು ಚುಚ್ಚು. ಒಂದು ದಿನ ಅಡುಗೆಮನೆ ಕಡೆ ನೋಡಿ, "ಹಾಗಾದ್ರೆ ಸಿಂಕಲ್ಲಿರೋ ಪಾತ್ರೆ, ಯಾರೂ ನೋಡದೇ ಇದ್ರೆ, ತೊಳೆದ ಹಾಗೂ ಹೌದು, ತೊಳೀದೇ ಇರೋ ಹಾಗೂ ಹೌದು, ಅಲ್ವೇನೇ?" ಎಂದರು.

"ಹೌದು ರೀ. ಮದುವೆಯಾದಾಗಿಂದ ನೀವು ಆ ಸಿದ್ಧಾಂತದಲ್ಲೇ ಇದೀರಲ್ಲ."

ಅಂದು ಪಾತ್ರೆಗಳನ್ನು ಅವರೇ ತೊಳೆದರು. ಹಾಗೆಂದು ಗೇಲಿ ನಿಲ್ಲಲಿಲ್ಲ. ಸೇರಿದ ಸ್ವಲ್ಪ ದಿನಕ್ಕೇ ಆಕೆಯನ್ನು ಮೊದಲ ಸಾಲಿಗೆ ಬಡ್ತಿ ಮಾಡಿದ್ದಾರೆ, ಹೊಸಬರಿಗೆ ಆಕೆಯಿಂದಲೇ ಅನುಭವ ಹೇಳಿಸುತ್ತಾರೆ ಎಂದು ನಾದಿನಿ ಹೊಟ್ಟೆಕಿಚ್ಚಿನಿಂದಲೇ ಸುದ್ದಿ ತಂದಳು. "ಓಹೋ, ರ‍್ಯಾಂಕು" ಎಂದು ಇವರು ನಕ್ಕರು. ಏನು ಕಂಡೆ, ಯಾವ ಅನುಭವ ಹೇಳುತ್ತೀ ಎಂದು ಕೇಳಲಿಲ್ಲ. ಗಿರಾಕಿಗೆ 'ಏನು ಕಾಣುತ್ತೆ' ಎಂದು ದಿನಕ್ಕೆ ನೂರು ಸಲ ಕೇಳುವ ಬಾಯಿ ಮನೆಯಲ್ಲಿ ಒಂದು ಸಲವೂ ಕೇಳಲಿಲ್ಲ. ದೀಪದ ಬುಡದಲ್ಲಿ ಕತ್ತಲೆ ಎನ್ನುವುದು ಗಾದೆಯಷ್ಟೇ ಅಲ್ಲ.

ಒಂದು ಮಧ್ಯಾಹ್ನ ಟೀಚರಮ್ಮನೇ ಅಂಗಡಿಗೆ ಬಂದರು. ಅವರ ಕನ್ನಡಕದ ಕಡ್ಡಿ ಸಡಿಲವಾಗಿತ್ತು. ಹೆಂಡತಿ ಊಟ ಮುಗಿಸಿ ಮನೆಯಲ್ಲಿದ್ದಳು. ಕಾಲುನಂಬರಪ್ಪನವರು, ಎಲ್ಲವನ್ನೂ ಸಡಿಲ ಮಾಡುವವರು ಕನ್ನಡಕವನ್ನು ಮಾತ್ರ ಬಿಗಿ ಮಾಡಿಸಲು ಬಂದದ್ದನ್ನು ಮನಸ್ಸಿನಲ್ಲೇ ಚಪ್ಪರಿಸುತ್ತ, ಸ್ಕ್ರೂ ತಿರುಗಿಸತೊಡಗಿದರು. ಟೀಚರಮ್ಮ ಸುಮ್ಮನೆ ಕೂರುವವರಲ್ಲ. ನೀವು ಪುಣ್ಯವಂತರು ಎಂದರು. ಇಷ್ಟು ವರ್ಷದಲ್ಲಿ ನಮ್ಮ ಶಾಲೆಯಲ್ಲಿ ಅಲೆ ಕಂಡೆ ಎಂದವರು ಬಹಳ ಜನ, ಅವರೆಲ್ಲ ನನ್ನ ಸಂತೋಷಕ್ಕೆ ಹೇಳಿದವರು ಎಂದು ನನಗೂ ಗೊತ್ತು. ನಿಜವಾಗಿ ಕಂಡವರು ನಿಮ್ಮ ಮನೆಯವರೊಬ್ಬರೇ ಎಂದರು.

"ಮೊದಲನೇ ದಿನವೇ ಹೇಳಿದ್ರು. ಬಾಗಿಲ ಚೌಕಟ್ಟು ನಡುವೆ ನೀರಲ್ಲಿ ಅದ್ದಿದ ಕಡ್ಡಿ ಥರ ಬಳುಕುತ್ತೆ ಅಂತ. ಕಿಟಕಿ ಸರಳೂ ಹಾಗೇ. ಎಡಗಣ್ಣು ಮುಚ್ಚಿದ್ರೆ ಇನ್ನೂ ಜಾಸ್ತಿಯಂತೆ."

ಸ್ಕ್ರೂ ಬಿತ್ತು. ಕಾಲುನಂಬರಪ್ಪನವರು ಮೊಣಕಾಲೂರಿ ಹುಡುಕಿದರು. ಬೆಂಚಿನ ಕೆಳಗೆ, ಕುರ್ಚಿಯ ಕೆಳಗೆ, ಟೀಚರಮ್ಮನ ಚಪ್ಪಲಿಯ ಪಕ್ಕ. ಎಡಗಾಲ ಹೆಬ್ಬೆರಳ ಹತ್ರ ಎನ್ನುವವರು ಯಾರೂ ಇರಲಿಲ್ಲ. ಗೋಡೆಯ ಮೊಳೆಗೆ ಆ ಅಯಸ್ಕಾಂತ ತೂಗುಹಾಕಿತ್ತು. ಅದನ್ನು ನೋಡಿದ್ದೇ ಅವರ ಹುಡುಕಾಟ ನಿಂತಿತು. ಮಾವನವರ ಬಾಗಿಲು, ಮೂವರು ಬಡಗಿಗಳು, ಸ್ಕ್ರೂ ಹುಡುಕುವುದನ್ನು ಬಿಟ್ಟ ಕಣ್ಣು, ಈಚೆಗೆ ಬೆಳಿಗ್ಗೆ ಆಕೆ ಲೋಟದ ಅಂಚಿಗೆ ಸುರಿದು ಚೆಲ್ಲುತ್ತಿದ್ದ ಕಾಫಿ, ಎಲ್ಲ ಒಟ್ಟಿಗೆ ಬಂದು ನಿಂತವು. ಹಾಗಾದರೆ ಕಳೆದ ಮದುವೆಯ ದಿನ ಆಕೆ ಕಡೆಯ ಸಾಲಿನ ತನಕ ಓದಿದ್ದು? ಆಕೆ ಕಿಟಕಿಯ ಕಡೆ ಮುಖ ಮಾಡಿಯೂ ಓದಬಲ್ಲವಳು ಎಂಬುದನ್ನು ಲೋಕದಲ್ಲಿ ತಿಳಿದಿದ್ದವರು ಅವರೊಬ್ಬರೇ. ಆಕೆಯನ್ನು ಅದೇ ಬೋರ್ಡಿನ ಮುಂದೆ ಕೂರಿಸಿದವರೂ ಅವರೇ.

ಬೇರೊಂದು ಸ್ಕ್ರೂ ಹಾಕಿ ಟೀಚರಮ್ಮನನ್ನು ಕಳಿಸಿ, ಅಂಗಡಿ ಮುಚ್ಚಿ ಮನೆಗೆ ನಡೆದರು. ದಾರಿಯುದ್ದಕ್ಕೂ ಒಂದೇ ಯೋಚನೆ. ಮಾವನವರ ಕಾಲವಲ್ಲ ಇದು. ಈಗ ಆಸ್ಪತ್ರೆಯಲ್ಲಿ ಮದ್ದಿದೆ. ಆದರೆ ಬೇಗ ಹೋಗಬೇಕು. ಪರದೆಯಲ್ಲಿ ಹೋದ ಜಾಗ ಹೋಯಿತು. ಉಳಿದದ್ದನ್ನು ಉಳಿಸಿಕೊಳ್ಳಬಹುದು, ಅದೂ ತಡಮಾಡದಿದ್ದರೆ. ಎಷ್ಟು ತಡವಾಗಿದೆಯೋ.

ಹೆಂಡತಿ ಬಟ್ಟೆ ಮಡಿಸುತ್ತಿದ್ದಳು. ನಾದಿನಿ ಪಕ್ಕದಲ್ಲಿ ಕೂತು ಸಹಾಯ ಮಾಡದೆ ಮಾತಾಡುತ್ತಿದ್ದಳು. ಕಾಲುನಂಬರಪ್ಪನವರು ಮೆತ್ತಗೆ ಹೇಳಬೇಕೆಂದು ಬಂದವರು. ಅಭ್ಯಾಸವಿಲ್ಲದ ಕೆಲಸ, ಬಾಗಿಲಲ್ಲೇ ನಿಂತು, ಅದು ಅಲೆ ಅಲ್ಲ, ಕಾಯಿಲೆ, ನಾಳೆಯೇ ಆಸ್ಪತ್ರೆಗೆ ಹೊರಡು ಎಂದುಬಿಟ್ಟರು.

ಹೆಂಡತಿ ಅಂಗಿಯ ತೋಳನ್ನು ಒಳಕ್ಕೆ ಮಡಿಸಿದಳು. "ಇಷ್ಟು ದಿನ ನನ್ನ ಕ್ಲಾಸು ಹುಚ್ಚು ಅಂದ್ರಿ. ಇವತ್ತು ಕಾಯಿಲೆ. ಮುಂದಿನ ವಾರಕ್ಕೆ ಏನಿಟ್ಟಿದೀರಿ?"

"ಗೇಲಿ ಅಲ್ಲ ಕಣೇ ಇದು."

"ನೀವು ಗೇಲಿ ಮಾಡೋದು ಯಾವಾಗ, ಮಾಡದೇ ಇರೋದು ಯಾವಾಗ ಅಂತ ಒಂದು ಬೋರ್ಡು ಬರೆಸಿ ಹಾಕಿ ಭಾವ, ನಮಗೂ ಅನುಕೂಲ" ಎಂದಳು ನಾದಿನಿ.

ಅಂಗಡಿಯ ಡ್ರಾಯರಿನಿಂದ ಅವರು ಒಂದು ಹಾಳೆ ತಂದಿದ್ದರು. ಅಡ್ಡ ಉದ್ದ ಗೆರೆಗಳ ಚೌಕುಳಿ, ನಡುವೆ ಒಂದು ಚುಕ್ಕಿ. ಒಂದು ಕಣ್ಣು ಮುಚ್ಚಿ ಚುಕ್ಕಿಯನ್ನು ನೋಡಬೇಕು. ಗೆರೆ ಬಳುಕಿದರೆ ಪರದೆಯಲ್ಲಿ ತೊಂದರೆ ಎಂದರ್ಥ. ಅದನ್ನು ಮುಂದೆ ಹಿಡಿದರು. ಆಕೆ ಹಾಳೆಯನ್ನು ನೋಡದೆ, ಮಡಿಸಿದ ಬಟ್ಟೆಗಳನ್ನು ಎದೆಗೊತ್ತಿಕೊಂಡು ಒಳಗೆ ಹೋದಳು. ಹೋಗುವಾಗ ಒಂದು ಕೈ ಬಾಗಿಲ ಚೌಕಟ್ಟನ್ನು ಸವರಿತು. ಕಾಲುನಂಬರಪ್ಪನವರು ಆ ಕೈಯನ್ನು ನೋಡಿದರು, ಮಾವನವರದೇ ಕೈ. ಎಷ್ಟೋ ವರ್ಷ ತಮಾಷೆ ಮಾಡಿ ಮಾಡಿ, ನಿಜ ಹೇಳಬೇಕಾದ ದಿನ ನಂಬುವವರಿಲ್ಲದಂತೆ ಮಾಡಿಕೊಂಡೆನಲ್ಲ ಎಂದುಕೊಂಡರು. ಬೇರೆಯವರ ದೃಷ್ಟಿ ತಿದ್ದುವ ಕಸುಬಿನವರಿಗೆ ಇಂಥ ಯೋಚನೆ ಬರುವುದು ಅಪರೂಪ, ಬಂದರೂ ಕಾಲು ನಂಬರಿನಷ್ಟು. ಅಂದು ಪೂರ್ತಿ ಬಂತು.

ಮರುದಿನ ಬೆಳಿಗ್ಗೆ, ಡ್ರೈವಿಂಗ್ ಕಲಿಯಲು ಬಂದವರನ್ನು ದಾಟಿಕೊಂಡು, ಅವರು ಮೊದಲ ಸಲ ಆ ಮೆಟ್ಟಿಲು ಹತ್ತಿದರು. ತರಗತಿಗೆ ಇನ್ನೂ ಹೊತ್ತಿತ್ತು. ಟೀಚರಮ್ಮ ಚಾಪೆ ಹಾಸುತ್ತಿದ್ದರು. ಇವರು ಹೇಳಿದ್ದನ್ನು ಪೂರ್ತಿ ಕೇಳಿದ ಮೇಲೆ, ಕೈಯಲ್ಲಿದ್ದ ಚಾಪೆಯನ್ನು ಮತ್ತೆ ಸುರುಳಿ ಸುತ್ತಿದರು, ಮತ್ತೆ ಬಿಚ್ಚಿದರು. ಜಗಳವಾಡಲಿಲ್ಲ. "ನಾನು ಅವರನ್ನ ಮುಂದೆ ಕೂರಿಸಿ ಚಪ್ಪಾಳೆ ತಟ್ಟಿಸಿದೆನಲ್ಲ" ಎಂದರು.

"ನಾನು ಬೋರ್ಡಿನ ಮುಂದೆ ಕೂರಿಸಿ ಶಭಾಷ್ ಅಂದೆ" ಎಂದರು ಕಾಲುನಂಬರಪ್ಪನವರು.

ಇಬ್ಬರೂ ಸ್ವಲ್ಪ ಹೊತ್ತು ಬಾಗಿಲ ಚೌಕಟ್ಟನ್ನೇ ನೋಡುತ್ತ ಕೂತರು. ಅದು ನೆಟ್ಟಗೇ ಇತ್ತು.

ನಾನೇ ಹೇಳಬಹುದು, ನಾನು ಹೇಳಿದರೆ ನಂಬುತ್ತಾರೆ ಎಂದರು ಟೀಚರಮ್ಮ. ಆದರೆ ಅದು ಬಹುಮಾನ ಕೊಟ್ಟವರೇ ಬಂದು ಕಿತ್ತುಕೊಂಡ ಹಾಗೆ. ಬೇರೆ ದಾರಿಯಿದೆ. ನಮ್ಮಲ್ಲಿ ಮೂರನೆಯ ಪಾಠಕ್ಕೆ ಸಾಕ್ಷಿ ಎಂದು ಹೆಸರು. ಇಬ್ಬರು ಎದುರುಬದುರು ಕೂರಬೇಕು. ಒಬ್ಬರು ತಾವು ಇಷ್ಟು ದಿನ ಯಾರಿಗೂ ನೋಡಲು ಬಿಡದ್ದನ್ನು ಹೇಳುತ್ತಾರೆ, ಇನ್ನೊಬ್ಬರು ನೋಡುತ್ತಾರೆ. ನಿಮ್ಮ ಮನೆಯವರು ಅದೊಂದನ್ನು ಮುಂದೂಡುತ್ತಲೇ ಬಂದಿದ್ದಾರೆ. ಯಾಕೆ ಎಂದರೆ, ನನ್ನ ಸಾಕ್ಷಿಗೆ ಅಂಗಡಿ ಬಿಟ್ಟು ಬರಲು ಆಗುವುದಿಲ್ಲ ಎನ್ನುತ್ತಾರೆ. ಇಂದು ಬನ್ನಿ. ಸಾಕ್ಷಿಗೆ ನಿಯಮ ಒಂದೇ. ಎದುರಿನವರು ಮುಗಿಸುವ ತನಕ ತಿದ್ದಬಾರದು.

"ಕಾಲು ನಂಬರೂ?"

"ಕಾಲೂ ಇಲ್ಲ."

ಅಂದು ತರಗತಿಗೆ ಬಂದ ಹೆಂಡತಿ, ಹಿಂದಿನ ಸಾಲಿನ ಚಾಪೆಯ ಮೇಲೆ ಮಲಗಿದ್ದ ಗಂಡನನ್ನು ಮೊದಲು ಗುರುತಿಸಲಿಲ್ಲ. ಬೂಟು ನೋಡಿ ಗುರುತಿಸಿದಳು. ಮೊದಲ ಸಾಲಿಗೆ ಹೋಗಿ ತನ್ನ ಚಾಪೆಯ ಮೇಲೆ ಮಲಗಿದಳು. ಎಲ್ಲರೂ ಚೌಕಟ್ಟನ್ನು ಸಡಿಲವಾಗಿ ನೋಡಿದರು. ಕಾಲುನಂಬರಪ್ಪನವರೂ ನೋಡಿದರು, ಬಳುಕಲಿ ಎಂದು ನಿಜವಾಗಿಯೂ ಬಯಸಿದರು. ಇದು ಎಲ್ಲರಿಗೂ ಬಳುಕುವ ಚೌಕಟ್ಟು ಎಂದಾಗಿಬಿಟ್ಟರೆ ಆಕೆಗೆ ಏನೂ ಆಗಿಲ್ಲ ಎಂದಾಗುತ್ತಿತ್ತು. ದಿಟ್ಟಿಸಿ ನೋಡಿದರು, ಓರೆಗಣ್ಣಲ್ಲಿ ನೋಡಿದರು, ಕಣ್ಣಲ್ಲಿ ನೀರು ತುಂಬಿಕೊಂಡು ನೋಡಿದರು. ನೀರು ತುಂಬಿದಾಗ ಮಾತ್ರ ಸ್ವಲ್ಪ ಅಲುಗಿತು. ಪಕ್ಕದ ಚಾಪೆಯಲ್ಲಿ ನಾದಿನಿ ಗೊರಕೆ ಹೊಡೆಯುತ್ತಿದ್ದಳು.

ಟೀಚರಮ್ಮ ಕಿಟಕಿಯ ಬಳಿ ಎರಡು ಕುರ್ಚಿ ಎದುರುಬದುರು ಹಾಕಿ ಇಬ್ಬರನ್ನೂ ಕರೆದರು. ಮಂಡಿಗೆ ಮಂಡಿ ತಾಕುವಷ್ಟು ಹತ್ತಿರ. ಕಾಲುನಂಬರಪ್ಪನವರು ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡರು. ಕೈಯಲ್ಲಿ ಟಾರ್ಚಿಲ್ಲದೆ, ನಡುವೆ ಲೆನ್ಸಿಲ್ಲದೆ ಆ ಕಣ್ಣುಗಳನ್ನು ಇಷ್ಟು ಹತ್ತಿರದಿಂದ ನೋಡಿ ಅವರಿಗೆ ಅಭ್ಯಾಸವಿರಲಿಲ್ಲ. ಹೆಂಡತಿ ಎಡಗೈಯನ್ನು ಎತ್ತಿ, ಅಂಗಡಿಯ ಕುರ್ಚಿಯಲ್ಲಿ ಮಾಡುವ ಹಾಗೆಯೇ, ಎಡಗಣ್ಣನ್ನು ಮುಚ್ಚಿಕೊಂಡಳು.

"ನಿಮ್ಮ ಕಿವಿ ಎರಡೂ ಕಾಣುತ್ತೆ. ಕೂದಲು ಕಾಣುತ್ತೆ, ಇರೋಷ್ಟು. ಮುಖ ಇಲ್ಲ. ಮುಖ ಇರೋ ಜಾಗದಲ್ಲಿ ಮಸಿಬಟ್ಟೆ ಒತ್ತಿದ ಹಾಗಿದೆ."

ಅವರ ಬಾಯಿ ತೆರೆಯಿತು. ಮುಚ್ಚಿಕೊಂಡರು.

"ಅಪ್ಪನ ಬಾಗಿಲು ನನಗೆ ಬಂದಿದೆ ರೀ. ಇಲ್ಲಿಗೆ ಬರೋಕೆ ಮುಂಚೆನೇ ಬಂದಿತ್ತು. ಅಂಗಡಿಯಲ್ಲೇ ಹುಟ್ಟಿ ಬೆಳೆದೋಳು ನಾನು, ಗೊತ್ತಾಗಲ್ವಾ? ಇಲ್ಲಿ ಬಂದ್ರೆ ಟೀಚರು ಇದು ಅಲೆ ಅಂದ್ರು. ಅಪ್ಪನಿಗೆ ಇದೇ ಕಂಡಾಗ ಎಲ್ಲರೂ ಅಯ್ಯೋ ಪಾಪ ಅಂದಿದ್ರು. ನನಗೆ ಚಪ್ಪಾಳೆ ತಟ್ಟಿದ್ರು. ಎಷ್ಟು ಚೆನ್ನಾಗಿತ್ತು ಗೊತ್ತಾ ಅದು? ಯಾರೂ ಅಳೆಯದೇ ಇದ್ರೆ ಇನ್ನೂ ಹಾಗೂ ಇರಬಹುದು, ಹೀಗೂ ಇರಬಹುದು ಅನ್ನಿಸ್ತು. ನೀವು ಅಳೆದ್ರೆ ಮುಗೀತು. ನಿಮ್ಮ ಅಳತೆ ತಪ್ಪಲ್ಲ."

ತಪ್ಪಿತ್ತು ಎಂಬ ಮಾತು ಅವರ ನಾಲಿಗೆಯವರೆಗೆ ಬಂತು. ಅದೂ ತಿದ್ದುಪಡಿಯೇ. ನುಂಗಿಕೊಂಡರು.

"ಬೋರ್ಡು ನಾನು ಓದಲಿಲ್ಲ. ಒಪ್ಪಿಸಿದೆ. ನೀವು ಎಷ್ಟು ಖುಷಿಯಾಗಿದ್ರಿ ಅವತ್ತು" ಎಂದು ಆಕೆ ಕೈ ಕೆಳಗಿಳಿಸಿದಳು. "ಈಗ ಮುಖ ಬಂತು. ಅಳಬೇಡಿ ರೀ, ಜನ ಇದಾರೆ."

ಮುಗಿಯಿತೇ ಎಂದು ಅವರು ಟೀಚರಮ್ಮನ ಕಡೆ ನೋಡಿದರು. ಅವರೂ ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು. ಆಮೇಲೆ ಕಾಲುನಂಬರಪ್ಪನವರು ಹೇಳಿದ್ದು ಇಷ್ಟೇ: "ನನಗೂ ಭಯ ಆಗ್ತಿದೆ. ಒಟ್ಟಿಗೆ ಹೋಗೋಣ್ವಾ?" ಮದುವೆಯಾದ ಮೇಲೆ ಅವರು ಪ್ರಶ್ನೆಯ ರೂಪದಲ್ಲಿ ಹೇಳಿದ ಮೊದಲ ವಾಕ್ಯ ಅದು ಎಂದು ನಾದಿನಿ ಇಂದಿಗೂ ಹೇಳುತ್ತಾಳೆ. ಅವಳು ಗೊರಕೆಯ ನಡುವೆ ಎಲ್ಲವನ್ನೂ ಕೇಳಿಸಿಕೊಂಡಿದ್ದಳು.

ಮಾರನೆಯ ದಿನ ಆಸ್ಪತ್ರೆಗೆ ನಾಲ್ವರೂ ಹೋದರು. ಟೀಚರಮ್ಮ ಹೆಂಡತಿಯ ಚೀಲ ಹಿಡಿದುಕೊಂಡು ಬಂದರು, ಬೇಡವೆಂದರೂ ಕೇಳಲಿಲ್ಲ. ಡಾಕ್ಟರಮ್ಮ ಚಿಕ್ಕ ವಯಸ್ಸಿನವರು, ನೇರ ಮಾತು. ಇಷ್ಟು ತಡ ಯಾಕಾಯ್ತು, ಮನೆಯಲ್ಲಿ ಯಾರೂ ಗಮನಿಸಲಿಲ್ಲವೇ ಎಂದು ಕೇಳಿದರು. "ನಮ್ಮ ಮನೇಲಿ ಕನ್ನಡಕದವರೊಬ್ಬರು ಇದಾರೆ, ಅದಕ್ಕೇ ತಡವಾಯ್ತು" ಎಂದರು ಕಾಲುನಂಬರಪ್ಪನವರು. ಡಾಕ್ಟರಮ್ಮನಿಗೆ ಅರ್ಥವಾಗಲಿಲ್ಲ. ಹೆಂಡತಿಗೆ ಆಯಿತು, ಬೆಳಗಿನಿಂದ ಮೊದಲ ಸಲ ನಕ್ಕಳು.

ಕಣ್ಣಿಗೇ ಸೂಜಿ ಚುಚ್ಚಿ ಮದ್ದು ಕೊಡುವ ಚಿಕಿತ್ಸೆ. ಕೇಳಿದವರಿಗೆ ನೋವು ಹೆಚ್ಚು, ಚುಚ್ಚಿಸಿಕೊಂಡವರಿಗೆ ಕಡಿಮೆ ಎಂದು ನರ್ಸು ಹೇಳಿದರು. ಆಕೆಯನ್ನು ಒಳಗೆ ಕರೆದುಕೊಂಡು ಬಾಗಿಲು ಮುಚ್ಚಿದಾಗ ಕಾಲುನಂಬರಪ್ಪನವರು ಎದುರಿನ ಬೆಂಚಿನಲ್ಲಿ ಕೂತು ಆ ಬಾಗಿಲನ್ನೇ ನೋಡಿದರು. ಒಳಗೆ ಕಣ್ಣು ಉಳಿಯುವ ಹಾಗೂ ಇತ್ತು, ಉಳಿಯದ ಹಾಗೂ ಇತ್ತು. ಬಾಗಿಲು ತೆರೆಯುವ ತನಕ ಎರಡೂ ನಿಜ. ಟೀಚರಮ್ಮನ ಸಿದ್ಧಾಂತ ಅವರಿಗೆ ಆಗ ಪೂರ್ತಿ ಅರ್ಥವಾಯಿತು. ಕಾಯುವವರು ಕಟ್ಟಿದ ಸಿದ್ಧಾಂತವಿರಬೇಕು ಅದು. ಈ ಮಾತನ್ನು ಪಕ್ಕದಲ್ಲಿದ್ದ ಟೀಚರಮ್ಮನಿಗೆ ಹೇಳಿದರು. ಅವರು ಚೀಲವನ್ನು ಮಡಿಲಲ್ಲಿ ಸರಿಮಾಡಿಕೊಂಡು, ಇನ್ನು ಗೇಲಿ ಯಾವಾಗ ಬರುತ್ತದೆ ಎಂದು ಕಾದರು. ಬರಲಿಲ್ಲ.

ಹೋದದ್ದು ಅಷ್ಟೂ ಬರಲಿಲ್ಲ. ಉಳಿದದ್ದು ಉಳಿಯಿತು. ಹಲವು ಸಲ ಚುಚ್ಚಿಸಿಕೊಂಡ ಮೇಲೆ ಮಸಿಬಟ್ಟೆ ತೆಳುವಾಯಿತು. ಚೌಕಟ್ಟಿನ ಬಳುಕು ಕಡಿಮೆಯಾಗಿ, ನಡುವೆ ಒಂದು ಸಣ್ಣ ಡೊಂಕಾಗಿ ನಿಂತಿತು. ಎಡಗಣ್ಣಿನ ಕಾವಲಿಗೆ ಚೌಕುಳಿಯ ಹಾಳೆಯನ್ನು ಅಡುಗೆಮನೆಯ ಬಾಗಿಲಿಗೆ ಅಂಟಿಸಿದ್ದಾರೆ. ಆಕೆ ದಿನಾ ಬೆಳಿಗ್ಗೆ ಕಾಫಿಗೆ ಮುಂಚೆ ನೋಡುತ್ತಾಳೆ, ಕಾಲುನಂಬರಪ್ಪನವರು ಆಕೆ ನೋಡುವುದನ್ನು ನೋಡುತ್ತಾರೆ. ಅಂಥದೇ ಇನ್ನೊಂದು ಹಾಳೆ ಅಲೆ-ಅರಿವು ಶಾಲೆಯ ಗೋಡೆಯಲ್ಲಿದೆ. ಅಲೆ ಕಂಡವರು ಮೊದಲು ಕನ್ನಡಕದಂಗಡಿಗೆ ಹೋಗಿ ಬರಬೇಕು ಎಂಬುದು ಅಲ್ಲಿಯ ಹೊಸ ನಿಯಮ. ನಾದಿನಿ ತಿಂಗಳಿಗೊಮ್ಮೆ ಅಲೆ ಕಂಡಿತೆಂದು ಓಡಿ ಬರುತ್ತಾಳೆ. ಭಾವ ಪರೀಕ್ಷೆ ಮಾಡಿ, ನಿನ್ನಲ್ಲಿ ಒಂದು ಅಲೆಯೂ ಇಲ್ಲ ಎಂದು ಕಳಿಸುತ್ತಾರೆ. ಅವಳಿಗೆ ನಿರಾಸೆಯಾಗುತ್ತದೆ. ಹೆಂಡತಿ ಶಾಲೆ ಬಿಟ್ಟಿಲ್ಲ; ಮೊದಲ ಸಾಲೂ ಹೋಗಿಲ್ಲ. ಹೊಸಬರಿಗೆ ಈಗ ಮೂರನೆಯ ಪಾಠ ಹೇಳಿಕೊಡುವವಳು ಅವಳೇ.

ಮತ್ತೆ ಮದುವೆಯ ದಿನ ಬಂತು. ಕಾಲುನಂಬರಪ್ಪನವರು ಅಂಗಡಿಯ ಬಾಗಿಲು ಅರ್ಧ ಎಳೆದರು. ಹಳೆಯ ಬೋರ್ಡಿನ ಮೇಲೆ ಅವರೇ ಕೂತು ಬರೆದ ಹೊಸ ಅಕ್ಷರಗಳ ಹಾಳೆಯಿತ್ತು. ಅಕ್ಷರಗಳು ಸ್ವಲ್ಪ ವಾಲಿದ್ದವು. ಆಕೆ ಕುರ್ಚಿಯಲ್ಲಿ ಕೂತು ಎಡಗಣ್ಣು ಮುಚ್ಚಿಕೊಂಡಳು. ಮೊದಲ ಸಾಲು ಓದಿದಳು. ಎರಡನೆಯದು ತಡವರಿಸಿ ಓದಿದಳು. ಮೂರನೆಯದಕ್ಕೆ ಬಂದು ನಿಂತಳು.

"ಕಾಣಲ್ಲ ರೀ."

ಅಷ್ಟು ವರ್ಷದ ಪರೀಕ್ಷೆಯಲ್ಲಿ ಆಕೆಯ ಬಾಯಿಂದ ಆ ಮಾತು ಬಂದದ್ದು ಇದೇ ಮೊದಲು. ಕಾಲುನಂಬರಪ್ಪನವರು ಲೆನ್ಸಿನ ಪೆಟ್ಟಿಗೆಗೆ ಕೈ ಹಾಕಲಿಲ್ಲ. ಕುರ್ಚಿಯ ಹಿಂದೆ ಹೋಗಿ, ಆಕೆ ಕೂತಂತೆಯೇ ಅದನ್ನು ಬೋರ್ಡಿನ ಕಡೆಗೆ ಕರಕರ ಎಳೆದರು. ಕುರ್ಚಿ ಎಲ್ಲಿರಬೇಕೆಂದು ಮಾವನವರು ನೆಲದ ಮೇಲೆ ಬಳಿದಿದ್ದ ಬಣ್ಣದ ಗೆರೆ ಬಹಳ ಹಿಂದೆ ಉಳಿಯಿತು. ಆ ಗೆರೆಯನ್ನು ಒಂದು ಬೆರಳು ದಾಟಿದ ಗಿರಾಕಿಯನ್ನೂ ಅವರು ವಾಪಸ್ಸು ತಳ್ಳಿದ್ದುಂಟು.

"ಈಗ?"

ಆಕೆ ಮೂರನೆಯ ಸಾಲನ್ನು ಓದಿದಳು, ನಿಧಾನವಾಗಿ, ಒಂದೊಂದೇ ಅಕ್ಷರ. ಒಂದನ್ನು ತಪ್ಪು ಓದಿದಳು. ಅವರು ತಿದ್ದಲಿಲ್ಲ.

"ಇದು ಮೋಸ ಅಲ್ವೇನ್ರೀ?"

"ಯಾರು ನೋಡ್ತಿದಾರೆ" ಎಂದು ಅವರು ಕುರ್ಚಿಯನ್ನು ಇನ್ನೊಂದಿಷ್ಟು ಮುಂದಕ್ಕೆ ಎಳೆದರು.